ಎಳೆಗೂಸಿನ ಸ್ನಾನ

ಎಳೆಗೂಸಿನ ಸ್ನಾನ ಎಂದರೆ ನವಜಾತ ಶಿಶುವಿನಿಂದ ಹಿಡಿದು ಸುಮಾರು ಒಂದು ವರ್ಷದವರೆಗಿನ ಮಗುವಿನ ಮೈಯನ್ನು ಹದವಾದ ಬಿಸಿನೀರಿನಿಂದ ತೊಳೆದು ಶುಚಿಗೊಳಿಸುವ ಕ್ರಮ. ಕರ್ನಾಟಕದಲ್ಲಿ ಇದು ಬಾಣಂತನದ ಮುಖ್ಯ ಭಾಗವಾಗಿದ್ದು, ಸಾಮಾನ್ಯವಾಗಿ ಎಣ್ಣೆ ತಿಕ್ಕುವುದರೊಂದಿಗೆ ನಡೆಯುತ್ತದೆ. ಆಡುಮಾತಿನಲ್ಲಿ ಇದನ್ನು ‘ಕೂಸಿಗೆ ನೀರೆರೆಯುವುದು’ ಅಥವಾ ಬರಿದೆ ‘ಎರೆಯುವುದು’ ಎನ್ನುತ್ತಾರೆ. ಸ್ನಾನದಿಂದ ಮಗುವಿಗೆ ಶುಚಿತ್ವ, ಸ್ಪರ್ಶಸುಖ ಮತ್ತು ಒಳ್ಳೆಯ ನಿದ್ದೆ ದೊರೆಯುತ್ತವೆ. ಆದರೆ ಮೈ ತಣ್ಣಗಾಗುವುದು, ಬಿಸಿನೀರಿನಿಂದ ಸುಡುವುದು, ನೀರಿನಲ್ಲಿ ಮುಳುಗುವುದು ಹಾಗೂ ಎಣ್ಣೆ ಅಥವಾ ನೀರು ಶ್ವಾಸನಾಳ ಸೇರುವುದು ಇದರ ಪ್ರಮುಖ ಅಪಾಯಗಳು. ಇವುಗಳಲ್ಲಿ ಹೆಚ್ಚಿನವನ್ನು ಸರಳ ಎಚ್ಚರಿಕೆಯಿಂದ ತಪ್ಪಿಸಬಹುದು.

ಹಿನ್ನೆಲೆ

ಆಯುರ್ವೇದದಲ್ಲಿ ಮಕ್ಕಳ ಪಾಲನೆ ಮತ್ತು ಚಿಕಿತ್ಸೆಯನ್ನು ಕುರಿತ ಶಾಖೆಗೆ ಕೌಮಾರಭೃತ್ಯ ಎಂದು ಹೆಸರು. ಕಾಶ್ಯಪ ಸಂಹಿತೆ ಈ ಶಾಖೆಯ ಪ್ರಮುಖ ಗ್ರಂಥ. ಚರಕ ಸಂಹಿತೆಯ ಶಾರೀರಸ್ಥಾನದ 8ನೆಯ ಅಧ್ಯಾಯದಲ್ಲಿಯೂ ನವಜಾತ ಶಿಶುವಿನ ಆರೈಕೆಯ ವಿವರಗಳಿವೆ.

ಗ್ರಾಮೀಣ ಕರ್ನಾಟಕದಲ್ಲಿ ಹೆರಿಗೆ ಮಾಡಿಸುವ ಮತ್ತು ಕೂಸಿಗೆ ಎರೆಯುವ ಕೆಲಸವನ್ನು ಬಹುಕಾಲ ಸೂಲಗಿತ್ತಿಯರು ಹಾಗೂ ಮನೆಯ ಹಿರಿಯ ಹೆಂಗಸರು ನಿರ್ವಹಿಸಿದರು. ಪಾವಗಡ ತಾಲ್ಲೂಕಿನ ಸೂಲಗಿತ್ತಿ ನರಸಮ್ಮ ಅವರಿಗೆ 2018ರಲ್ಲಿ ಪದ್ಮಶ್ರೀ ಪ್ರಶಸ್ತಿ ಸಂದದ್ದು ಈ ಪರಂಪರೆಗೆ ದೊರೆತ ಗೌರವವಾಗಿದೆ. ಇಂದು ಹೆರಿಗೆಗಳು ಬಹುಮಟ್ಟಿಗೆ ಆಸ್ಪತ್ರೆಗಳಲ್ಲಿ ನಡೆಯುತ್ತವೆ. ಹಾಗಿದ್ದರೂ ಬಾಣಂತಿಯು ತವರಿಗೆ ಮರಳಿದ ಮೇಲೆ ಕೂಸಿನ ಸ್ನಾನವು ಅಜ್ಜಿಯ ಅಥವಾ ಎರೆಯಲು ಬರುವ ಹೆಂಗಸಿನ ಕೈಗೆ ಬರುವುದು ವಾಡಿಕೆ.

ಸಾಂಪ್ರದಾಯಿಕ ಕ್ರಮ

ಎರೆಯುವವರು ಬಚ್ಚಲುಮನೆಯಲ್ಲಿ ಮಣೆಯ ಮೇಲೆ ಕುಳಿತು ಕಾಲು ನೀಡಿಕೊಂಡು, ಎರಡೂ ಕಾಲುಗಳ ನಡುವಿನ ತಗ್ಗಿನಲ್ಲಿ ಕೂಸನ್ನು ಮಲಗಿಸಿಕೊಳ್ಳುತ್ತಾರೆ. ಕೂಸಿನ ತಲೆ ಸಾಮಾನ್ಯವಾಗಿ ಅವರ ಪಾದಗಳ ಕಡೆಗಿರುತ್ತದೆ. ಕೊಬ್ಬರಿ ಎಣ್ಣೆ ಅಥವಾ ಹರಳೆಣ್ಣೆಯನ್ನು ನೆತ್ತಿಗೂ ಮೈಗೂ ಹಚ್ಚಿ ನೀವಿದ ಬಳಿಕ, ಹಂಡೆಯಲ್ಲಿ ಕಾದ ನೀರಿಗೆ ತಣ್ಣೀರು ಬೆರೆಸಿ ಹದ ಮಾಡಿ ತಂಬಿಗೆಯಿಂದ ಎರೆಯುತ್ತಾರೆ. ಎಣ್ಣೆಯ ಜಿಡ್ಡು ತೆಗೆಯಲು ಕಡಲೆಹಿಟ್ಟು, ಹೆಸರುಹಿಟ್ಟು ಅಥವಾ ಸಾಬೂನನ್ನು ಬಳಸುವುದುಂಟು. ಆಮೇಲೆ ಮೈ ಒರೆಸಿ, ಸಾಂಬ್ರಾಣಿ ಅಥವಾ ಲೋಬಾನದ ಹೊಗೆ ತೋರಿಸಿ, ಕಾಡಿಗೆಯ ಬೊಟ್ಟಿಟ್ಟು, ಕುಲಾವಿ ತೊಡಿಸಿ ಬಟ್ಟೆಯಲ್ಲಿ ಸುತ್ತಿ ತೊಟ್ಟಿಲಿಗೆ ಹಾಕುತ್ತಾರೆ. ಎರೆದ ನಂತರ ಕೂಸು ದೀರ್ಘವಾಗಿ ನಿದ್ರಿಸಿದರೆ ಸ್ನಾನ ಚೆನ್ನಾಗಿ ಆಯಿತೆಂಬುದು ಹಿರಿಯರ ಎಣಿಕೆ.

ಈ ಭಂಗಿಯಲ್ಲಿ ಒಂದು ಅನುಕೂಲವಿದೆ. ಎರೆಯುವವರು ನೆಲದ ಮಟ್ಟದಲ್ಲಿ ಕುಳಿತಿರುವುದರಿಂದ ಮಗು ಎತ್ತರದಿಂದ ಜಾರಿ ಬೀಳುವ ಸಂಭವ ಕಡಿಮೆ. ಹರಿಯುವ ನೀರು ಬಚ್ಚಲಿಗೆ ಹೋಗುವುದರಿಂದ ಮಗು ನಿಂತ ನೀರಿನಲ್ಲಿ ಇರುವುದಿಲ್ಲ. ಇದನ್ನು ಬಿಟ್ಟು ಪ್ಲಾಸ್ಟಿಕ್ ಟಬ್ಬನ್ನೇ ಬಳಸಬೇಕೆಂಬ ನಿಯಮವಿಲ್ಲ.

ಮೊದಲ ಸ್ನಾನದ ಸಮಯ

ಹುಟ್ಟಿದ ಕೂಡಲೇ ಕೂಸಿಗೆ ಎರೆಯುವ ರೂಢಿಯನ್ನು ಇಂದಿನ ವೈದ್ಯಕೀಯ ಮಾರ್ಗಸೂಚಿಗಳು ಒಪ್ಪುವುದಿಲ್ಲ. ವಿಶ್ವ ಆರೋಗ್ಯ ಸಂಸ್ಥೆಯು 2022ರಲ್ಲಿ ಪ್ರಕಟಿಸಿದ ಬಾಣಂತನದ ಆರೈಕೆಯ ಶಿಫಾರಸುಗಳ ಪ್ರಕಾರ, ಮೊದಲ ಸ್ನಾನವನ್ನು ಜನನದ ನಂತರ ಕನಿಷ್ಠ 24 ಗಂಟೆಗಳ ಕಾಲ ಮುಂದೂಡಬೇಕು. ಸಾಂಸ್ಕೃತಿಕ ಕಾರಣಗಳಿಂದ ಇದು ಸಾಧ್ಯವಾಗದಿದ್ದರೂ ಕನಿಷ್ಠ 6 ಗಂಟೆಗಳ ಅಂತರವಿರಬೇಕು.

ಇದಕ್ಕೆ ಎರಡು ಕಾರಣಗಳಿವೆ. ಮೊದಲನೆಯದಾಗಿ, ಶಿಶುವಿನ ದೇಹತೂಕಕ್ಕೆ ಹೋಲಿಸಿದರೆ ಅದರ ಚರ್ಮದ ವಿಸ್ತೀರ್ಣ ಹೆಚ್ಚು. ಒದ್ದೆ ಮೈಯಿಂದ ನೀರು ಆವಿಯಾಗುವಾಗ ಶಾಖವೂ ವೇಗವಾಗಿ ಹೊರಹೋಗುತ್ತದೆ. ಶಿಶುವಿನ ಸಹಜ ದೇಹೋಷ್ಣತೆ 36.5ರಿಂದ 37.5 ಡಿಗ್ರಿ ಸೆಲ್ಸಿಯಸ್. ಅದು 36.5ಕ್ಕಿಂತ ಕೆಳಗಿಳಿದರೆ ಶೀತಸ್ಥಿತಿ ಎನಿಸುತ್ತದೆ. ಅಂತಹ ಮಗು ಹಾಲು ಕುಡಿಯಲು ಸೋಲುತ್ತದೆ, ಉಸಿರಾಟಕ್ಕೂ ತೊಂದರೆಯಾಗಬಹುದು. ಎರಡನೆಯದಾಗಿ, ಹುಟ್ಟುವಾಗ ಮೈಮೇಲಿರುವ ಬಿಳಿಯ ಬೆಣ್ಣೆಯಂತಹ ಲೇಪವು ಕೊಳೆಯಲ್ಲ. ಅದು ಚರ್ಮವನ್ನು ಕಾಪಾಡುವ ಹೊದಿಕೆ. ಅದನ್ನು ಉಜ್ಜಿ ತೆಗೆಯಬೇಕಾಗಿಲ್ಲ. ಮೊದಲ ದಿನ ಮೈಯ ರಕ್ತ ಮತ್ತು ತೇವವನ್ನು ಒಣಬಟ್ಟೆಯಿಂದ ಒರೆಸಿ, ಕೂಸನ್ನು ತಾಯಿಯ ಎದೆಗೆ ಚರ್ಮಕ್ಕೆ ಚರ್ಮ ತಾಗುವಂತೆ ಇರಿಸುವುದು ಸಾಕು.

2,500 ಗ್ರಾಂಗಿಂತ ಕಡಿಮೆ ತೂಕದ ಮತ್ತು ಅವಧಿಗೆ ಮುನ್ನ ಹುಟ್ಟಿದ ಶಿಶುಗಳಿಗೆ ಶೀತದ ಅಪಾಯ ಇನ್ನೂ ಹೆಚ್ಚು. ಇವರಿಗೆ ವೈದ್ಯರು ಅಥವಾ ಆರೋಗ್ಯ ಕಾರ್ಯಕರ್ತೆ ಹೇಳುವವರೆಗೆ ಸ್ನಾನ ಮಾಡಿಸದೆ, ಅಗತ್ಯವಿರುವ ಭಾಗವನ್ನಷ್ಟೇ ಒದ್ದೆ ಬಟ್ಟೆಯಿಂದ ಒರೆಸಬೇಕು.

ಹೊಕ್ಕುಳಬಳ್ಳಿ ಸಾಮಾನ್ಯವಾಗಿ ಒಂದೆರಡು ವಾರಗಳಲ್ಲಿ ಒಣಗಿ ಬೀಳುತ್ತದೆ. ಅಲ್ಲಿಯವರೆಗೆ ಅದನ್ನು ಶುಚಿಯಾಗಿ, ಒಣದಾಗಿ ಇಡಬೇಕು. ಎಣ್ಣೆ, ಬೂದಿ, ಅರಿಶಿನ ಅಥವಾ ಸಗಣಿಯನ್ನು ಹಚ್ಚಬಾರದು. ಸಗಣಿ ಮತ್ತು ಮಣ್ಣಿನಿಂದ ಧನುರ್ವಾಯು ರೋಗಾಣು ಸೇರುವ ಭಯವಿದೆ.

ಸುರಕ್ಷಿತ ಸ್ನಾನದ ವಿಧಾನ

ಸ್ನಾನದ ಕೋಣೆಯು ಬೆಚ್ಚಗಿದ್ದು ಗಾಳಿಯ ಹೊಡೆತದಿಂದ ದೂರವಿರಬೇಕು. ಹಾಲುಣಿಸಿದ ಕೂಡಲೇ ಎರೆದರೆ ಮಗು ಹಾಲು ಕಕ್ಕಬಹುದು. ತೀರ ಹಸಿದಿದ್ದರೆ ಅಳುತ್ತದೆ. ಇವೆರಡರ ನಡುವಿನ ಹೊತ್ತು ಸೂಕ್ತ. ಒಣ ಟವೆಲ್, ಬಟ್ಟೆ, ಕುಲಾವಿ, ಸಾಬೂನು ಎಲ್ಲವನ್ನೂ ಮೊದಲೇ ಕೈಗೆ ಎಟಕುವಂತೆ ಇಟ್ಟುಕೊಂಡರೆ ನಡುವೆ ಎದ್ದು ಹೋಗುವ ಪ್ರಸಂಗ ಬರುವುದಿಲ್ಲ.

ನೀರನ್ನು ಹದ ಮಾಡುವಾಗ ಪಾತ್ರೆಗೆ ಮೊದಲು ತಣ್ಣೀರು, ಆನಂತರ ಬಿಸಿನೀರು ಹಾಕಬೇಕು. ನೀರು ಸುಮಾರು 37–38 ಡಿಗ್ರಿ ಸೆಲ್ಸಿಯಸ್, ಅಂದರೆ ಮೈಯಷ್ಟೇ ಬೆಚ್ಚಗಿರಬೇಕು. ದುಡಿದು ಒರಟಾದ ಅಂಗೈಗೆ ಬಿಸಿಯ ಅರಿವು ಕಡಿಮೆ. ಆದ್ದರಿಂದ ನೀರನ್ನು ಚೆನ್ನಾಗಿ ಕಲಕಿ ಮೊಣಕೈ ಅಥವಾ ಮಣಿಕಟ್ಟಿನ ಒಳಭಾಗದಿಂದ ಪರೀಕ್ಷಿಸಬೇಕು. ದೊಡ್ಡವರಿಗೆ ಹಿತವೆನಿಸುವ ‘ಚುರುಕು ಬಿಸಿ’ ಕೂಸಿನ ತೆಳು ಚರ್ಮಕ್ಕೆ ಹೆಚ್ಚಾಗುತ್ತದೆ. 60 ಡಿಗ್ರಿಯ ನೀರು ಮಗುವಿನ ಚರ್ಮವನ್ನು ಕೆಲವೇ ಸೆಕೆಂಡುಗಳಲ್ಲಿ ಸುಡಬಲ್ಲದು. ಮಗು ಕಾಲಮೇಲಿರುವಾಗ ಹಂಡೆಯಿಂದ ಕುದಿನೀರು ಮೊಗೆಯುವುದು, ಓಡುತ್ತಿರುವ ನಲ್ಲಿಯ ಕೆಳಗೆ ಮಗುವನ್ನು ಹಿಡಿಯುವುದು ಸಲ್ಲದು.

ಕಣ್ಣುಗಳನ್ನು ಮೂಗಿನ ಕಡೆಯಿಂದ ಹೊರಕ್ಕೆ, ಒಂದೊಂದು ಕಣ್ಣಿಗೆ ಬೇರೆ ಬೇರೆ ಹತ್ತಿಯಿಂದ ಒರೆಸಬೇಕು. ಕತ್ತಿನ ಮಡಿಕೆ, ಕಂಕುಳು ಮತ್ತು ತೊಡೆಸಂದಿಗಳಲ್ಲಿ ಹಾಲು, ಬೆವರು ನಿಲ್ಲುವುದರಿಂದ ಅಲ್ಲಿ ಗಮನವಿಡಬೇಕು. ಹೆಣ್ಣುಮಗುವನ್ನು ಮುಂದಿನಿಂದ ಹಿಂದಕ್ಕೆ ತೊಳೆಯಬೇಕು. ಗಂಡುಮಗುವಿನ ಮುಂದೊಗಲನ್ನು ಬಲವಂತವಾಗಿ ಹಿಂದಕ್ಕೆ ಸರಿಸಬಾರದು. ತಲೆ ಬೇಗ ತಣ್ಣಗಾಗುವ ಭಾಗವಾದ್ದರಿಂದ ಅದನ್ನು ಕೊನೆಯಲ್ಲಿ ತೊಳೆದು ಮೊದಲು ಒರೆಸುವುದು ಒಳ್ಳೆಯದು. ಇಡೀ ಸ್ನಾನ 5ರಿಂದ 10 ನಿಮಿಷಗಳಲ್ಲಿ ಮುಗಿದರೆ ಸಾಕು. ಟಬ್ಬು ಬಳಸುವುದಾದರೆ ಸುಮಾರು 5 ಸೆಂ.ಮೀ. ನೀರು ಸಾಕಾಗುತ್ತದೆ, ಒಂದು ಕೈ ಸದಾ ಮಗುವಿನ ಕತ್ತು ಮತ್ತು ಭುಜಕ್ಕೆ ಆಸರೆಯಾಗಿರಬೇಕು.

ಆರೋಗ್ಯವಂತ ಕೂಸಿಗೆ ವಾರಕ್ಕೆ ಎರಡು ಮೂರು ಸ್ನಾನ ಸಾಕಾಗುತ್ತದೆ. ಬಯಲುಸೀಮೆಯ ಬೇಸಿಗೆಯಲ್ಲಿ ದಿನವೂ ಎರೆಯುವುದಾದರೆ ಅವಧಿಯನ್ನೂ ಸಾಬೂನನ್ನೂ ಮಿತಗೊಳಿಸುವುದು ಒಳಿತು.

ಮಗುವಿಗೆ ಹಿತವಾಗುವ ಬಗೆ

ಎರೆಯುವಾಗ ಕೂಸು ಅಳುವುದಕ್ಕೆ ಹೆಚ್ಚಾಗಿ ಚಳಿ, ಹಸಿವು, ಆಸರೆ ತಪ್ಪಿದ ಭಾವ ಅಥವಾ ಮುಖಕ್ಕೆ ಥಟ್ಟನೆ ಬಿದ್ದ ನೀರು ಕಾರಣ. ಮೊದಲು ಪಾದಕ್ಕೆ, ಬಳಿಕ ಹೊಟ್ಟೆ ಮತ್ತು ಎದೆಗೆ ನಿಧಾನವಾಗಿ ನೀರು ಹಾಕಿದರೆ ಅದು ಬೆಚ್ಚುವುದಿಲ್ಲ. ಎದೆಯ ಮೇಲೆ ಒದ್ದೆಯಾದ ಬೆಚ್ಚನೆ ಬಟ್ಟೆಯೊಂದನ್ನು ಹರಡಿ ಅದರ ಮೇಲೆ ನೀರೆರೆದರೂ ಮಗು ಶಾಂತವಾಗಿರುತ್ತದೆ. ಮಾತನಾಡಿಸುವುದು, ಹಾಡುವುದು, ಮುಖ ನೋಡಿ ನಗುವುದು ಸ್ನಾನವನ್ನು ಮಗುವಿನ ಕಲಿಕೆಯ ಹೊತ್ತಾಗಿಸುತ್ತವೆ.

ಪೂರ್ಣಾವಧಿಯಲ್ಲಿ ಹುಟ್ಟಿದ ಆರೋಗ್ಯವಂತ ಶಿಶುವಿಗೆ ಮೃದುವಾಗಿ ಮೈ ನೀವುವುದನ್ನು ವಿಶ್ವ ಆರೋಗ್ಯ ಸಂಸ್ಥೆಯ 2022ರ ಶಿಫಾರಸುಗಳೂ ಪರಿಗಣಿಸಬಹುದೆಂದು ಹೇಳುತ್ತವೆ. ಹೀಗೆ ಹಿರಿಯರ ಕೈ ನೀವಿಕೆ ಉಳಿಸಿಕೊಳ್ಳತಕ್ಕ ಅಂಶವೇ ಆಗಿದೆ. ನೀವುವ ಕೈ ಬೆಚ್ಚಗಿರಬೇಕು, ಉಗುರು ಕತ್ತರಿಸಿರಬೇಕು, ಬಳೆ ಉಂಗುರಗಳು ತಾಗಬಾರದು.

ಕೈಬಿಡಬೇಕಾದ ರೂಢಿಗಳು

ಮೂಗು ಮತ್ತು ಕಿವಿಗೆ ಎಣ್ಣೆ ಬಿಡುವುದು: ಮೂಗಿಗೆ ಬಿಟ್ಟ ಎಣ್ಣೆ ಶ್ವಾಸಕೋಶ ಸೇರಿ ಒಂದು ಬಗೆಯ ನ್ಯುಮೋನಿಯಾ ಉಂಟುಮಾಡುತ್ತದೆ. ಕಿವಿಯಲ್ಲಿ ನಿಂತ ಎಣ್ಣೆ ಸೋಂಕಿಗೆ ಎಡೆಮಾಡಬಹುದು.

ಬಾಯಿಗೆ ಬೆರಳು ಹಾಕಿ ಕಫ ತೆಗೆಯುವುದು, ಮೂಗಿಗೆ ಊದುವುದು: ಇವುಗಳಿಂದ ಗಂಟಲಿಗೆ ಗಾಯ ಮತ್ತು ಸೋಂಕು ಆಗಬಹುದು.

ಎದೆತೊಟ್ಟು ಹಿಂಡುವುದು: ತಾಯಿಯ ಹಾರ್ಮೋನುಗಳ ಪ್ರಭಾವದಿಂದ ಗಂಡು, ಹೆಣ್ಣು ಎರಡೂ ಬಗೆಯ ಶಿಶುಗಳ ಎದೆ ಉಬ್ಬಿ ಹಾಲಿನಂತಹ ದ್ರವ ಬರಬಹುದು. ಅದು ತಾನಾಗಿ ಇಳಿಯುತ್ತದೆ. ಹಿಂಡಿದರೆ ಕೀವುಗಟ್ಟುತ್ತದೆ.

ಕೈಕಾಲು ಹಿಡಿದು ತೂಗಾಡಿಸುವುದು, ಮೂಗು ಮತ್ತು ತಲೆಯನ್ನು ಒತ್ತಿ ‘ಆಕಾರ’ ಕೊಡುವುದು: ಕೀಲುಗಳಿಗೆ ಪೆಟ್ಟಾಗಬಹುದು, ಮುಖದ ರೂಪ ಒತ್ತುವುದರಿಂದ ಬದಲಾಗುವುದಿಲ್ಲ. ನೆತ್ತಿಯ ಮೆತ್ತನೆಯ ಭಾಗವು ಸಾಮಾನ್ಯವಾಗಿ 12ರಿಂದ 18 ತಿಂಗಳ ಹೊತ್ತಿಗೆ ತಾನಾಗಿ ಕೂಡಿಕೊಳ್ಳುತ್ತದೆ. ಎಣ್ಣೆ ತಟ್ಟಿ ‘ಕೂಡಿಸುವ’ ಅಗತ್ಯವಿಲ್ಲ.

ಹಿಟ್ಟಿನಿಂದ ಉಜ್ಜಿ ಕೂದಲು ತೆಗೆಯುವುದು: ಮೈಮೇಲಿನ ನವಿರು ಕೂದಲು ತಾನಾಗಿ ಉದುರುತ್ತದೆ. ಉಜ್ಜಿದರೆ ಚರ್ಮ ತರಚುತ್ತದೆ.

ಹೊಗೆ, ಕಾಡಿಗೆ, ಪೌಡರ್: ಸಾಂಬ್ರಾಣಿ ಹೊಗೆಯು ಎಳೆಯ ಶ್ವಾಸಕೋಶವನ್ನು ಕೆರಳಿಸುತ್ತದೆ, ಕೆಂಡದಿಂದ ಸುಡುವ ಭಯವೂ ಇದೆ. ಕೆಲವು ಕಾಡಿಗೆಗಳಲ್ಲಿ ಸೀಸದ ಅಂಶವಿರುತ್ತದೆ. ಪೌಡರಿನ ಧೂಳು ಉಸಿರಿನೊಂದಿಗೆ ಒಳಸೇರುತ್ತದೆ.

ಬಚ್ಚಲುಮನೆಯ ಇತರ ಅಪಾಯಗಳು

ಕೂರಲು, ಅಂಬೆಗಾಲಿಡಲು ಕಲಿತ ಮಗುವಿಗೆ ನೀರೇ ಮುಖ್ಯ ಅಪಾಯ. ಅದರ ತಲೆ ಭಾರವಾಗಿರುವುದರಿಂದ ಬಕೆಟ್ಟಿಗೆ ಬಗ್ಗಿ ಬಿದ್ದರೆ ಮರಳಿ ಏಳಲಾರದು. ಕೆಲವೇ ಸೆಂಟಿಮೀಟರ್ ನೀರಿನಲ್ಲಿಯೂ, ಸದ್ದಿಲ್ಲದೆ, ಮಗು ಮುಳುಗಬಹುದು. ನಲ್ಲಿನೀರು ದಿನವೂ ಬಾರದ ಊರುಗಳಲ್ಲಿ ಬಕೆಟ್, ಡ್ರಮ್ಮು ಮತ್ತು ತೊಟ್ಟಿಗಳಲ್ಲಿ ನೀರು ತುಂಬಿಡುವುದು ಅನಿವಾರ್ಯ. ಅವುಗಳಿಗೆ ಭದ್ರವಾದ ಮುಚ್ಚಳವಿರಬೇಕು, ಬಚ್ಚಲುಮನೆಯ ಬಾಗಿಲಿಗೆ ಎತ್ತರದಲ್ಲಿ ಚಿಲಕವಿರಬೇಕು. ಫೋನ್ ಕರೆ ಬಂದರೆ ಅಥವಾ ಬಾಗಿಲು ಬಡಿದರೆ ಮಗುವನ್ನು ಎತ್ತಿಕೊಂಡೇ ಹೋಗಬೇಕು. ಚಿಕ್ಕ ಅಣ್ಣ ಅಥವಾ ಅಕ್ಕನ ವಶಕ್ಕೆ ಬಿಡುವುದು ಕಾವಲಲ್ಲ.

ನೀರು ಕಾಯಿಸುವ ವಿದ್ಯುತ್ ಕಾಯಿಲನ್ನು ಬಳಸಿದರೆ, ಸ್ವಿಚ್ ಆರಿಸಿ ಪ್ಲಗ್ ಕಿತ್ತ ಮೇಲೆಯೇ ನೀರು ಮುಟ್ಟಬೇಕು. ಗ್ಯಾಸ್ ಗೀಸರನ್ನು ಗಾಳಿಯಾಡದ ಬಚ್ಚಲಿನೊಳಗೆ ಹಚ್ಚಿದರೆ ಬಣ್ಣ, ವಾಸನೆಯಿಲ್ಲದ ಕಾರ್ಬನ್ ಮಾನಾಕ್ಸೈಡ್ ಅನಿಲ ತುಂಬಿ ತಾಯಿ ಮಗು ಇಬ್ಬರೂ ಪ್ರಜ್ಞೆ ತಪ್ಪಬಹುದು. ಕರ್ನಾಟಕದಲ್ಲಿ ಇಂತಹ ಸಾವುಗಳು ಸಂಭವಿಸಿವೆ. ಮುಚ್ಚಿದ ಬಾಣಂತಿ ಕೋಣೆಯಲ್ಲಿಡುವ ಇದ್ದಿಲ ಅಗ್ಗಿಷ್ಟಿಕೆಗೂ ಇದೇ ಎಚ್ಚರಿಕೆ ಅನ್ವಯಿಸುತ್ತದೆ.

ದಾವಣಗೆರೆ–ಹರಿಹರ ಪ್ರದೇಶದಲ್ಲಿ

ದಾವಣಗೆರೆ ಮತ್ತು ಹರಿಹರ ನಗರಗಳ ನಡುವೆ ಇರುವ ಬಾತಿಯಂತಹ ಊರುಗಳಿಗೆ ದೊಡ್ಡ ಆಸ್ಪತ್ರೆಗಳು ಹತ್ತಿರದಲ್ಲಿವೆ. ದಾವಣಗೆರೆಯ ಚಿಗಟೇರಿ ಜಿಲ್ಲಾ ಆಸ್ಪತ್ರೆ ಮತ್ತು ಬಾಪೂಜಿ ಮಕ್ಕಳ ಆಸ್ಪತ್ರೆಗಳು ಶಿಶು ಚಿಕಿತ್ಸೆಗೆ ಹೆಸರಾಗಿವೆ. ಆದರೆ ಕೂಸಿನ ಸ್ನಾನ ನಡೆಯುವುದು ಆಸ್ಪತ್ರೆಯಲ್ಲಿ ಅಲ್ಲ, ಮನೆಯ ಬಚ್ಚಲಿನಲ್ಲಿ. ಇವೆರಡರ ನಡುವಿನ ಕೊಂಡಿ ಆಶಾ ಕಾರ್ಯಕರ್ತೆ. 2011ರಲ್ಲಿ ಆರಂಭವಾದ ಮನೆ ಆಧಾರಿತ ನವಜಾತ ಶಿಶು ಆರೈಕೆ ಕಾರ್ಯಕ್ರಮದಡಿ, ಆಸ್ಪತ್ರೆಯಲ್ಲಿ ಹೆರಿಗೆಯಾದ ಮನೆಗೆ ಅವರು 3, 7, 14, 21, 28 ಮತ್ತು 42ನೆಯ ದಿನಗಳಂದು ಭೇಟಿ ನೀಡುತ್ತಾರೆ. ಮಗುವಿನ ತೂಕ, ಉಷ್ಣತೆ ಮತ್ತು ಹೊಕ್ಕುಳನ್ನು ಪರೀಕ್ಷಿಸುವ ಈ ಭೇಟಿಗಳು ಸ್ನಾನದ ಬಗೆಗಿನ ಸಂದೇಹಗಳನ್ನು ಕೇಳಲು ಸಕಾಲ. ಆಗ ಎರೆಯುವ ಅಜ್ಜಿಯೂ ಜೊತೆಯಲ್ಲಿದ್ದರೆ ಹೇಳಿದ ಮಾತು ಆಚರಣೆಗೆ ಬರುತ್ತದೆ.

ತುರ್ತು ಸಂದರ್ಭಗಳು

ಮೈ ಸುಟ್ಟರೆ ಕೂಡಲೇ ಬಟ್ಟೆ ತೆಗೆದು, ಸುಟ್ಟ ಭಾಗದ ಮೇಲಷ್ಟೇ 20 ನಿಮಿಷ ತಣ್ಣನೆಯ ನೀರು ಹರಿಸಬೇಕು. ಮಂಜುಗಡ್ಡೆ, ಟೂತ್‌ಪೇಸ್ಟ್ ಅಥವಾ ಶಾಯಿ ಹಚ್ಚಬಾರದು. ಉಳಿದ ಮೈಯನ್ನು ಬೆಚ್ಚಗಿಟ್ಟು ಆಸ್ಪತ್ರೆಗೆ ಒಯ್ಯಬೇಕು. ಸ್ನಾನದ ನಂತರ ಕೈಕಾಲು, ಹೊಟ್ಟೆ ತಣ್ಣಗಿದ್ದರೆ ಮಗುವನ್ನು ತಾಯಿಯ ಎದೆಗಿಟ್ಟು ಹೊದಿಸಿ ಹಾಲುಣಿಸಬೇಕು. ಹಾಲು ಬಿಟ್ಟಿರುವುದು, ಮಂಕಾಗಿರುವುದು, ನಿಮಿಷಕ್ಕೆ 60 ಅಥವಾ ಹೆಚ್ಚು ಬಾರಿ ಉಸಿರಾಡುವುದು, ಎದೆಗೂಡು ಒಳಸೇದುವುದು, ಜ್ವರ, ಹೊಕ್ಕುಳಿನ ಸುತ್ತ ಕೆಂಪು ಅಥವಾ ಕೀವು ಕಂಡರೆ ತಡಮಾಡದೆ ವೈದ್ಯರನ್ನು ಕಾಣಬೇಕು. ಕರ್ನಾಟಕದಲ್ಲಿ ಉಚಿತ ಆಂಬುಲೆನ್ಸ್ ಸೇವೆಯ ದೂರವಾಣಿ ಸಂಖ್ಯೆ 108.