ದಾನಿವೀರ್ಯದ ಮಾತೃತ್ವ: ಒಂದು ಐತಿಹಾಸಿಕ ವಿವೇಚನೆ

2025ರ ಜುಲೈ ತಿಂಗಳಲ್ಲಿ ಕನ್ನಡ ಚಲನಚಿತ್ರ ನಟಿ ಭಾವನಾ ರಾಮಣ್ಣ ಅವರು, ಅವಿವಾಹಿತೆಯಾಗಿರುವ ತಾವು ದಾನಿಯ ವೀರ್ಯದ ನೆರವಿನಿಂದ ತಾಯಿಯಾಗಲಿರುವುದಾಗಿ ಪ್ರಕಟಿಸಿದರು. ಇದನ್ನು ಕೆಲವರು ಸಾಹಸವೆಂದರು, ಕೆಲವರು ಅನಾಚಾರವೆಂದರು. ಇದರಲ್ಲಿ ನಿಜವಾಗಿ ಹೊಸತು ಯಾವುದು ಎಂಬುದನ್ನು ಪರಿಶೀಲಿಸುವುದು ನಮ್ಮ ಉದ್ದೇಶ.

ಮೊದಲು ವಿಧಾನವನ್ನು ತಿಳಿಯೋಣ. ಕೃತಕ ಗರ್ಭಧಾರಣೆಯಲ್ಲಿ ಸಂಸ್ಕರಿಸಿದ ವೀರ್ಯವನ್ನು ವೈದ್ಯರು ಗರ್ಭಾಶಯದೊಳಗೆ ಸೇರಿಸುವರು. ಭಾವನಾ ಅವರು ಅನುಸರಿಸಿದ ಪ್ರನಾಳ ವಿಧಾನದಲ್ಲಾದರೋ ಅಂಡವೂ ವೀರ್ಯಾಣುವೂ ಶರೀರದ ಹೊರಗೆ ಕೂಡುವುವು. ಹಾಗೆ ಬೆಳೆದ ಭ್ರೂಣವನ್ನು ಬಳಿಕ ಗರ್ಭಾಶಯದಲ್ಲಿ ಇರಿಸುವರು.

ಪತಿಯಲ್ಲದವನಿಂದ ಸಂತಾನ ಪಡೆಯುವುದು ಪ್ರಾಚೀನ ಭಾರತಕ್ಕೆ ಅಪರಿಚಿತವಾಗಿರಲಿಲ್ಲ. ಧರ್ಮಶಾಸ್ತ್ರಗಳು ಅದನ್ನು ನಿಯೋಗವೆಂದು ಕರೆದವು. ಮನುಸ್ಮೃತಿಯು ಅದನ್ನು ಒಮ್ಮೆ ವಿಧಿಸಿ, ಮರುಕ್ಷಣವೇ ನಿಂದಿಸುತ್ತದೆ. ಮಹಾಭಾರತದಲ್ಲಿ ಅಂಬಿಕೆ, ಅಂಬಾಲಿಕೆಯರು ವ್ಯಾಸನಿಂದ ಮಕ್ಕಳನ್ನು ಪಡೆದರು. ಆದರೆ ಆ ಮಕ್ಕಳು ಮೃತನಾದ ವಿಚಿತ್ರವೀರ್ಯನ ಕುಲಕ್ಕೆ ಸೇರಿದವರು. ನಿರ್ಧಾರವು ಅತ್ತೆ ಸತ್ಯವತಿಯದು; ತಾಯಂದಿರು ತಾವಾಗಿ ಇಚ್ಛಿಸಿದ್ದಲ್ಲ.

ಇನ್ನೊಂದು ನಿದರ್ಶನಕ್ಕಾಗಿ ನಾವು ದೂರ ಹೋಗಬೇಕಾಗಿಲ್ಲ. ಕಲ್ಲೋಳಿ, ಗೋಕಾಕ, ಹುಕ್ಕೇರಿಗಳ ಜನರಿಗೆ ಸವದತ್ತಿಯ ಎಲ್ಲಮ್ಮನ ಗುಡ್ಡ ಸುಪರಿಚಿತ. ಗಂಡುಸಂತಾನವಿಲ್ಲದ ಮನೆಯವರು ಮಗಳನ್ನು ದೇವಿಗೆ ಬಿಟ್ಟು, ಅವಳ ಮಕ್ಕಳಿಂದ ತವರಿನ ವಂಶವನ್ನು ಮುಂದುವರಿಸುವ ರೂಢಿ ಈ ಸೀಮೆಯಲ್ಲಿದ್ದಿತು. ಅಲ್ಲಿ ತಾಯಿಯೊಬ್ಬಳೇ ಮಕ್ಕಳನ್ನು ಸಲಹಿದಳು. ಆದರೆ ಮುತ್ತು ಕಟ್ಟಿದಾಗ ಅವಳು ಬಹುಮಟ್ಟಿಗೆ ಬಾಲೆ. 1982ರಲ್ಲಿ ಕರ್ನಾಟಕವು ಶಾಸನದಿಂದ ಈ ಸಮರ್ಪಣೆಯನ್ನು ನಿಷೇಧಿಸಿತು.

ಹೀಗೆ ನೋಡಿದರೆ, ಪತಿಯಿಲ್ಲದ ಮಾತೃತ್ವ ಹೊಸತಲ್ಲ. ಅದನ್ನು ಸ್ತ್ರೀಯೇ ತನಗಾಗಿ ಆರಿಸಿಕೊಳ್ಳುವುದು ಹೊಸತು. 2021ರ ನೆರವಿನ ಸಂತಾನೋತ್ಪತ್ತಿ ತಂತ್ರಜ್ಞಾನ ನಿಯಂತ್ರಣ ಅಧಿನಿಯಮವು 21ರಿಂದ 50 ವರ್ಷದೊಳಗಿನ ಮಹಿಳೆಗೆ, ವಿವಾಹದ ನಿರ್ಬಂಧವಿಲ್ಲದೆ, ಈ ಚಿಕಿತ್ಸೆಯನ್ನು ತೆರೆಯಿತು. ದಾನಿಗೆ ಮಗುವಿನ ಮೇಲೆ ಪಿತೃತ್ವದ ಹಕ್ಕಿಲ್ಲ. ಅದಕ್ಕೂ ಮೊದಲು 2015ರಲ್ಲಿ ಸರ್ವೋಚ್ಚ ನ್ಯಾಯಾಲಯವು, ಅವಿವಾಹಿತ ತಾಯಿಯು ತಂದೆಯ ಹೆಸರನ್ನು ಬಹಿರಂಗಪಡಿಸದೆಯೇ ಮಗುವಿನ ಪಾಲಕಳಾಗಬಹುದೆಂದು ತೀರ್ಪಿತ್ತಿತ್ತು.

ಆದರೂ ಪರಿವರ್ತನೆ ಪೂರ್ಣವಾಗಿಲ್ಲ. ಅದೇ 2021ರ ಬಾಡಿಗೆ ತಾಯ್ತನ ಅಧಿನಿಯಮವು ಒಂಟಿ ಮಹಿಳೆಯರಲ್ಲಿ ವಿಧವೆಗೂ ವಿಚ್ಛೇದಿತೆಗೂ ಮಾತ್ರ ಅವಕಾಶವಿತ್ತು, ಅವಿವಾಹಿತೆಯನ್ನು ಹೊರಗಿಟ್ಟಿದೆ. ಒಂದೇ ವರ್ಷದ ಎರಡು ಶಾಸನಗಳು ಒಬ್ಬಳೇ ಸ್ತ್ರೀಯನ್ನು ಎರಡು ಬಗೆಯಾಗಿ ಕಾಣುತ್ತವೆ: ಒಂದು ಅವಳ ವಯಸ್ಸನ್ನು ಕೇಳುತ್ತದೆ, ಮತ್ತೊಂದು ಅವಳ ವಿವಾಹವನ್ನೂ ಕೇಳುತ್ತದೆ. ಕುಲಕ್ಕಾಗಿ ತಾಯಿಯೋ, ತಾಯಿಯ ಇಚ್ಛೆಯಿಂದ ಮಗುವೋ ಎಂಬ ಹಳೆಯ ವಿವಾದವು ನಮ್ಮ ಕಾಲದಲ್ಲಿಯೂ ತೀರ್ಮಾನವಾಗದೆ ಉಳಿದಿದೆಯೆಂದೇ ನಾವು ಭಾವಿಸುತ್ತೇವೆ.