ಭೀಮಾ ದಂಡೆಯ ಬುರುಡೆ, ಮಿರಜಿನ ತಂಬೂರಿ

ಸಂಗೀತ ಕಛೇರಿಗೆ ಹೋದರೆ ನಮ್ಮ ಕಣ್ಣೆಲ್ಲ ಹಾಡುವವರ ಮುಖದ ಮೇಲೆ. ಹಾಡುವವರು ಹೆಣ್ಣುಮಕ್ಕಳಾದರೆ ಅವರು ಉಟ್ಟ ಸೀರೆಯ ಮೇಲೂ ಒಂದಿಷ್ಟು! ಹಿಂದೆ ಕುಳಿತು ಒಂದೇ ಸಮನೆ ತಂಬೂರಿ ಮೀಟುವ ಹುಡುಗಿಯನ್ನು ನೋಡುವವರು ಕಡಿಮೆ. ಆ ತಂಬೂರಿ ಎಲ್ಲಿಂದ ಬಂತು, ಯಾರು ಮಾಡಿದರು ಎಂದು ಕೇಳುವವರಂತೂ ಇಲ್ಲವೇ ಇಲ್ಲ. ತಂಬೂರಿ ಎಂದರೆ ಅಡಿಗೆಯೊಳಗಿನ ಉಪ್ಪಿದ್ದಂತೆ. ಇದ್ದಾಗ ಯಾರೂ ಹೊಗಳುವುದಿಲ್ಲ, ಇಲ್ಲದಾಗ ಬಾಯಿಗೆ ತಿಳಿಯುತ್ತದೆ.

ಸೋದರಿಯರೇ, ಈ ತಂಬೂರಿಯ ಊರು ಮಿರಜ. ಮಹಾರಾಷ್ಟ್ರದ ಸಾಂಗ್ಲಿ ಜಿಲ್ಲೆಯ ಈ ಊರು ನಮ್ಮ ಗಡಿಗೆ ಹತ್ತಿಕೊಂಡೇ ಇದೆ. ಬೆಳಗಾವಿ, ವಿಜಾಪುರ ಕಡೆಯವರಿಗೆ ಮಿರಜ ಅಂದ್ರೆ ದೊಡ್ಡ ದವಾಖಾನಿಯ ಊರು. ಪುಣೆ ಗಾಡಿ ಹಿಡಿಯುವವರಿಗೆ ದೊಡ್ಡ ಜಂಕ್ಷನ್. ಆದರೆ ಹಾಡುವವರಿಗೆ, ಬಾರಿಸುವವರಿಗೆ ಅದು ತಂಬೂರಿ–ಸಿತಾರದ ತವರುಮನೆ. ಅಲ್ಲಿ ವಾದ್ಯ ಮಾಡುವವರ ಓಣಿಗಳೇ ಇವೆ. ಒಂದು ಊರಿನ ಹೊಟ್ಟೆಪಾಡು ಸಂಗೀತದಿಂದ ಹೇಗೆ ನಡೆಯುತ್ತದೆ, ಆ ಸಂಗೀತ ಸುತ್ತಲಿನ ಸೀಮೆಯನ್ನೆಲ್ಲ ಹೇಗೆ ಬೆಳೆಸುತ್ತದೆ ಎಂಬುದಕ್ಕೆ ಮಿರಜಕ್ಕಿಂತ ಒಳ್ಳೆಯ ಉದಾಹರಣೆ ನಮ್ಮ ಹತ್ತಿರದಲ್ಲಿ ಬೇರೆ ಇಲ್ಲ.

ಕತ್ತಿ ಬಿಟ್ಟು ಸಿತಾರ ಹಿಡಿದವರು

ಮಿರಜದಲ್ಲಿ ಶಿಕಲಗಾರರೆಂಬ ಮನೆತನಗಳಿದ್ದವು. ಕತ್ತಿ, ಬರ್ಚಿ ಮಾಡುವುದು, ಸಾಣೆ ಹಿಡಿಯುವುದು ಅವರ ಕಸುಬು. ಇಂಗ್ರೇಜರ ಆಳ್ವಿಕೆ ಬಂದ ಮೇಲೆ ಸಂಸ್ಥಾನಗಳ ಯುದ್ಧ ನಿಂತವು, ಕತ್ತಿ ಕೇಳುವವರಿಲ್ಲದಾಯಿತು. ಕೈಯಲ್ಲಿ ಕಸುಬಿದೆ, ಕೆಲಸವಿಲ್ಲ. ಇಂಥ ಹೊತ್ತಿನಲ್ಲಿ, 19ನೆಯ ಶತಮಾನದ ನಡುವಿನಲ್ಲಿ, ಆ ಮನೆತನದ ಫರೀದಸಾಹೇಬ ಎಂಬವರು ವಾದ್ಯದ ಕೆಲಸಕ್ಕೆ ಕೈಹಚ್ಚಿದರು. ಮಿರಜದ ಪಟವರ್ಧನ ಸಂಸ್ಥಾನಿಕರಿಗೆ ಸಂಗೀತವೆಂದರೆ ಪ್ರಾಣ. ಅವರ ಆಸ್ಥಾನಕ್ಕೆ ಬರುವ ಗವಾಯಿಗಳ ವಾದ್ಯಗಳನ್ನು ರಿಪೇರಿ ಮಾಡುತ್ತ ಮಾಡುತ್ತ ಹೊಸ ವಾದ್ಯ ಮಾಡುವುದನ್ನೂ ಕಲಿತರು. ಮುಂದೆ ‘ಸತಾರಮೇಕರ್’ ಎಂಬುದೇ ಅವರ ಮನೆತನದ ಹೆಸರಾಯಿತು. ತಲೆ ಕಡಿಯುವ ಕತ್ತಿ ಮಾಡಿದ ಕೈ ಸ್ವರ ಹೊರಡಿಸುವ ತಂತಿ ಕಟ್ಟಿತು!

ಈ ಊರಿಗೆ ಬಂದ ದೊಡ್ಡವರ ಹೆಸರು ಕೇಳಿರಿ. ಗ್ವಾಲಿಯರ್ ಗಾಯನವನ್ನು ಈ ಸೀಮೆಗೆ ತಂದ ಬಾಳಕೃಷ್ಣಬುವಾ ಇಚಲಕರಂಜಿಕರ್ ಇಲ್ಲಿ ಪಾಠ ಹೇಳಿದರು. ದೀಪಾವಳಿಯ ಪಟಾಕಿಯಿಂದ ಕಣ್ಣಿಗೆ ಪೆಟ್ಟಾಗಿದ್ದ ವಿಷ್ಣು ದಿಗಂಬರ ಪಲುಸ್ಕರರು ಹುಡುಗನಿದ್ದಾಗ ಇಲ್ಲಿಗೆ ಬಂದು ಆ ಬುವಾ ಅವರ ಶಿಷ್ಯರಾದರು. ಮುಂದೆ 1901ರಲ್ಲಿ ಲಾಹೋರಿನಲ್ಲಿ ಗಾಂಧರ್ವ ಮಹಾವಿದ್ಯಾಲಯ ತೆರೆದು, ಯಾರು ಬೇಕಾದರೂ ಫೀ ಕೊಟ್ಟು ಸಂಗೀತ ಕಲಿಯಬಹುದು ಎಂದು ತೋರಿಸಿದವರು ಇವರೇ. ಕಿರಾಣಾ ಘರಾಣೆಯ ಅಬ್ದುಲ್ ಕರೀಮ್ ಖಾನ್ ಸಾಹೇಬರು ಮಿರಜವನ್ನೇ ಮನೆ ಮಾಡಿಕೊಂಡರು. 1937ರಲ್ಲಿ ಅವರು ತೀರಿಕೊಂಡ ಮೇಲೆ ಸಮಾಧಿಯೂ ಇಲ್ಲಿಯ ಮೀರಾಸಾಹೇಬ ದರ್ಗಾದಲ್ಲೇ ಆಯಿತು. ಉರುಸಿನಲ್ಲಿ ಅವರ ನೆನಪಿಗೆ ಇಂದಿಗೂ ಗಾಯನ ನಡೆಯುತ್ತದೆ. ನವರಾತ್ರಿಯಲ್ಲಿ ಅಂಬಾಬಾಯಿಯ ಗುಡಿಯಲ್ಲಿಯೂ ಹಾಗೆಯೇ ಸಂಗೀತದ ಸೇವೆ. ದರ್ಗಾ ಯಾರದು, ಗುಡಿ ಯಾರದು ಎಂದು ಸ್ವರಕ್ಕೆ ಗೊತ್ತಾಗುವುದಿಲ್ಲ.

ಖಾನ್ ಸಾಹೇಬರ ಮಗಳು ಹೀರಾಬಾಯಿ ಬಡೋದೆಕರ್ ಹುಟ್ಟಿದ್ದು ಮಿರಜದಲ್ಲಿ, 1905ರಲ್ಲಿ. ಮರ್ಯಾದಸ್ಥರ ಮನೆಯ ಹೆಣ್ಣುಮಕ್ಕಳು ಹತ್ತು ಮಂದಿಯ ಎದುರು ಹಾಡಬಾರದು ಎನ್ನುವ ಕಾಲ ಅದು. ಅಂಥ ಕಾಲದಲ್ಲಿ ಟಿಕೀಟು ಇಟ್ಟ ಕಛೇರಿಯಲ್ಲಿ ಕುಳಿತು ಹಾಡಿದ ಮೊದಲಿಗರಲ್ಲಿ ಇವರು ಮುಖ್ಯರು. ಇಂದು ನಮ್ಮ ಹೆಣ್ಣುಮಕ್ಕಳು ಶಾಲೆಯ ಗ್ಯಾದರಿಂಗಿನಲ್ಲಿ ಧೈರ್ಯದಿಂದ ಹಾಡುತ್ತಾರಲ್ಲ, ಆ ದಾರಿ ಸುಮ್ಮನೆ ಆದದ್ದಲ್ಲ.

ನಮಗೇನು ಬಂತು?

ಮಿರಜದವರು ದೊಡ್ಡವರಾದರೆ ನಮಗೇನು ಬಂತು ಅಂತೀರೇನು? ಬಂದದ್ದು ಬಹಳ ಇದೆ. ಧಾರವಾಡದ ಮಲ್ಲಿಕಾರ್ಜುನ ಮನ್ಸೂರರು ನಾಟಕ ಕಂಪನಿಯ ಹುಡುಗನಿದ್ದಾಗ ಅವರ ಕಂಠ ಕೇಳಿ ಮೆಚ್ಚಿ ಮಿರಜಕ್ಕೆ ಕರೆದೊಯ್ದು ಕಲಿಸಿದವರು ನೀಲಕಂಠಬುವಾ. ಅದೇ ನೀಲಕಂಠಬುವಾ ಅವರಲ್ಲಿ ಹಿಂದುಸ್ತಾನಿ ಕಲಿತವರು ಗದಗಿನ ಪಂಚಾಕ್ಷರಿ ಗವಾಯಿಗಳು. ಖಾನ್ ಸಾಹೇಬರ ಶಿಷ್ಯರು ಕುಂದಗೋಳದ ಸವಾಯಿ ಗಂಧರ್ವರು. ಅವರ ಶಿಷ್ಯರು ಗಂಗೂಬಾಯಿ ಹಾನಗಲ್ಲರು, ಭೀಮಸೇನ ಜೋಶಿಯವರು. ಭೀಮಸೇನರು 1933ರಲ್ಲಿ, ಹನ್ನೊಂದನೆಯ ವಯಸ್ಸಿಗೆ ಗದಗಿನ ಮನೆ ಬಿಟ್ಟು ಓಡಿದ್ದು ಖಾನ್ ಸಾಹೇಬರ ರಿಕಾರ್ಡು ಕೇಳಿದ ಹುಚ್ಚಿನಿಂದ. ಅವರಿಗೆ 2008ರಲ್ಲಿ ಭಾರತರತ್ನ ಬಂತು.

ಗದಗಿನ ಮಾತು ಬಂತಲ್ಲ, ಅದನ್ನು ಸ್ವಲ್ಪ ಬಿಡಿಸಿ ಹೇಳುತ್ತೇನೆ. ಪಂಚಾಕ್ಷರಿ ಗವಾಯಿಗಳಿಗೆ ಕಣ್ಣಿರಲಿಲ್ಲ. ಅವರ ಶಿಷ್ಯರು ಪುಟ್ಟರಾಜ ಗವಾಯಿಗಳಿಗೂ ಕಣ್ಣಿರಲಿಲ್ಲ. ವೀರೇಶ್ವರ ಪುಣ್ಯಾಶ್ರಮದಲ್ಲಿ ಇವರು ಕಣ್ಣಿಲ್ಲದ ಮಕ್ಕಳಿಗೆ, ಬಡವರ ಮಕ್ಕಳಿಗೆ ಊಟ ಹಾಕಿ ಸಂಗೀತ ಕಲಿಸಿದರು. ನಮ್ಮ ಕಡೆ ಶ್ರಾವಣ ಬಂದರೆ ಊರೂರಿಗೆ ಪುರಾಣ ಹಚ್ಚುತ್ತಾರೆ. ಶಾಸ್ತ್ರಿಗಳ ಪಕ್ಕದಲ್ಲಿ ಹಾರ್ಮೋನಿಯಂ ಹಿಡಿದ ಒಬ್ಬ ಗವಾಯಿ, ಒಬ್ಬ ತಬಲಾದವರು ಬೇಕೇ ಬೇಕು. ಅವರಲ್ಲಿ ಗದಗಿನ ಆಶ್ರಮದಲ್ಲಿ ಕಲಿತವರು ಎಷ್ಟೋ ಮಂದಿ. ಮಂಗಲದ ದಿನ ಅವರಿಗೆ ಶಾಲು ಹೊದಿಸಿ, ಕಾಣಿಕೆ ಕೊಟ್ಟು ಕಳಿಸುತ್ತೇವೆ. ಆ ಕಾಣಿಕೆಯಲ್ಲಿ ಒಂದು ಮನೆಯ ಒಲೆ ಉರಿಯುತ್ತದೆ. ತಿರಿದು ತಿನ್ನಬೇಕಾಗಿದ್ದ ಮಗು ಗೌರವದಿಂದ ದುಡಿದು ತಿನ್ನುತ್ತದೆ. ಸಂಗೀತ ಹೊಟ್ಟೆ ತುಂಬಿಸುತ್ತದೆಯೇ ಎಂದು ಕೇಳುವವರಿಗೆ ಇದಕ್ಕಿಂತ ಬೇರೆ ಉತ್ತರ ಬೇಕೇ?

ಬುರುಡೆ ಹೊರಡುವುದು ನಮ್ಮ ನದಿಯಿಂದ

ಇನ್ನು ನಿಮಗೆ ಸೋಜಿಗವೆನ್ನಿಸುವ ಮಾತು. ನಮ್ಮ ಮಣ್ಣೂರ ಅಫಜಲಪುರ ತಾಲೂಕಿನ ಭೀಮಾ ದಂಡೆಯ ಊರು. ಇದೇ ಭೀಮೆ ನಮ್ಮಲ್ಲಿಗೆ ಬರುವ ಮೊದಲು ಪಂಢರಪುರವನ್ನು ಹಾದು ಬರುತ್ತಾಳೆ. ಅಲ್ಲಿ ಪಂಢರಪುರ, ಮಂಗಳವೇಢೆಯ ಸುತ್ತಿನ ಹೊಲಗಳಲ್ಲಿ ಬೆಳೆದ ಬುರುಡೆಯೇ ಮಿರಜದ ತಂಬೂರಿಯ ಹೊಟ್ಟೆ! ನಾವು ಪಲ್ಯ ಮಾಡುವ ಹಾಲಗುಂಬಳದ ಜಾತಿಯದೇ, ಆದರೆ ಕಹಿ, ತಿನ್ನಲು ಬರುವುದಿಲ್ಲ. ಕೊಡದಷ್ಟು ದೊಡ್ಡದಾಗುತ್ತದೆ. ಬಳ್ಳಿಯ ಮೇಲೇ ಬಲಿಯಬೇಕು, ಚೆನ್ನಾಗಿ ಒಣಗಬೇಕು. ನೆಲದ ಹಸಿ ತಾಗಿ ಒಂದು ಕಡೆ ಕೊಳೆತರೆ, ಆಕಾರ ಸೊಟ್ಟಾದರೆ ಕೆಲಸಕ್ಕೆ ಬಾರದು. ರೈತ ಅದನ್ನು ಎಳೆ ಮಗುವಿನಂತೆ ಮಗ್ಗಲು ನೋಡುತ್ತ ಕಾಯಬೇಕು.

ಒಣಗಿದ ಬುರುಡೆ ಮಿರಜಕ್ಕೆ ಬಂದ ಮೇಲೆ ಅದನ್ನು ನೀರಲ್ಲಿ ನೆನೆಹಾಕಿ, ಮೆತ್ತಗಾದ ಮೇಲೆ ಕೊಯ್ದು, ಒಳಗಿನ ಬೀಜ–ತಿರುಳು ತೆಗೆಯುತ್ತಾರೆ. ಅದಕ್ಕೆ ತೂನ್ ಕಟ್ಟಿಗೆಯ ಪೊಳ್ಳು ದಂಡಿ ಜೋಡಿಸಿ, ಮುಂದೆ ಹಲಗೆ ಮುಚ್ಚಿ, ಅಂಟು ಹಾಕಿ ಬಿಗಿಯುತ್ತಾರೆ. ಆಮೇಲೆ ಹೂಬಳ್ಳಿಯ ಕೆತ್ತನೆ, ಬಣ್ಣ, ಅರಗಿನ ಮೆರುಗು, ಬಿರಡೆ, ಮಣಿ, ನಾಲ್ಕು ತಂತಿ. ಒಬ್ಬರದೇ ಕೆಲಸವಲ್ಲ. ಕೊಯ್ಯುವವರು ಬೇರೆ, ಜೋಡಿಸುವವರು ಬೇರೆ, ಕೆತ್ತುವವರು ಬೇರೆ, ಬಣ್ಣ ಹಚ್ಚುವವರು ಬೇರೆ. ಗವಸು ಹೊಲಿಯುವವರಿಗೆ, ಪೆಟ್ಟಿಗೆ ಕಟ್ಟುವವರಿಗೆ, ಲಾರಿಯವರಿಗೆ, ಕೊಳ್ಳಲು ಬಂದವರಿಗೆ ಚಹಾ–ಫರಾಳ ಮಾರುವವರಿಗೂ ಅದರಲ್ಲಿ ಪಾಲಿದೆ. ನೀವು ಒಂದು ತಂಬೂರಿಗೆ ಕೊಟ್ಟ ಹಣ ಇಷ್ಟು ಮನೆಗಳ ಹಿಟ್ಟಿನ ಡಬ್ಬಿಗೆ ಹಂಚಿಹೋಗುತ್ತದೆ. 1960ರ ದಶಕದಲ್ಲಿ ರವಿಶಂಕರರ ಸಿತಾರ ಕೇಳಿ ಹೊರದೇಶದವರು ಮರುಳಾದ ಮೇಲಂತೂ ಹಡಗು, ವಿಮಾನದಲ್ಲೂ ವಾದ್ಯಗಳು ಹೋಗತೊಡಗಿದವು.

ಕಡೆಯ ಕೆಲಸವೇ ಬಲು ಕಠಿಣ. ಅದರ ಹೆಸರು ಜವಾರಿ. ನಮ್ಮ ಕಡೆ ಜವಾರಿ ಅಂದ್ರೆ ಜವಾರಿ ಕೋಳಿ, ಜವಾರಿ ಬದನೆಕಾಯಿ. ತಂಬೂರಿಯವರ ಜವಾರಿಯೇ ಬೇರೆ. ತಂತಿ ಹಾಯುವ ಕುದುರೆಯನ್ನು ಕೂದಲೆಳೆಯಷ್ಟು ತಿಕ್ಕಿ ತಿಕ್ಕಿ, ತಂತಿಯ ಅಡಿ ಒಂದು ಹತ್ತಿ ದಾರದ ಎಳೆ ಸೇರಿಸಿ, ಅದನ್ನು ಹಿಂದೆ ಮುಂದೆ ಸರಿಸಿ ನೋಡುತ್ತಾರೆ. ಸರಿಯಾದ ಜಾಗಕ್ಕೆ ದಾರ ಬಂತೋ, ಜೇನುಹುಳದ ಹಿಂಡು ಝೇಂಕರಿಸಿದಂತೆ ತಂಬೂರಿ ತುಂಬಿ ನುಡಿಯುತ್ತದೆ. ಇದಕ್ಕೆ ಅಳತೆಪಟ್ಟಿ ಇಲ್ಲ. ಕಿವಿಯೇ ಅಳತೆ.

ತಂಗಿಯ ಮಗಳಿಗೆ ತಂಬೂರಿ ತರಲು ಹೋದಾಗ ಒಂದು ಅಂಗಡಿಯಲ್ಲಿ ಈ ಕೆಲಸ ಮಾಡುತ್ತಿದ್ದ ಮುದುಕರೊಬ್ಬರನ್ನು ಮಾತಾಡಿಸಿದೆ. ಕನ್ನಡ ಚೆನ್ನಾಗಿ ಬರುತ್ತಿತ್ತು.

“ಚಾಚಾ, ಇದನ್ನ ಕಲೀಲಿಕ್ಕೆ ಎಷ್ಟು ದಿನ ಬೇಕ್ರಿ?” ಅಂದೆ.

“ದಿನಾ ಅಲ್ಲ ಅಕ್ಕಾರ, ವರ್ಷ ಕೇಳ್ರಿ. ಹತ್ತು ವರ್ಷ ಕಿವೀನ ಕಲೀಬೇಕು. ಕೈ ಆಮ್ಯಾಲೆ” ಅಂದರು.

“ನಿಮ್ಮ ಮಕ್ಕಳು ಕಲಿತಾರೇನು?”

“ಒಬ್ಬ ಕಲತಾನ. ಇನ್ನೊಬ್ಬ ಮೋಟಾರ್ ಗ್ಯಾರೇಜಿಗೆ ಹೋಗ್ತಾನ. ಅಲ್ಲಿ ವಾರಕ್ಕ ಪಗಾರ ಬರ್ತದ, ಇಲ್ಲಿ ತಂಬೂರಿ ಮಾರಿದ ಮ್ಯಾಲೆ. ತಪ್ಪು ಅಂವಂದಲ್ರಿ.”

ಇಂದಿನ ಕಷ್ಟ

ಈ ಕಸುಬಿಗೆ ಕಷ್ಟ ಎಲ್ಲ ಕಡೆಯಿಂದ ಬಂದಿದೆ. 1980ರಲ್ಲಿ ಉಜನಿ ಅಣೆಕಟ್ಟು ಮುಗಿದು ಭೀಮಾ ಸೀಮೆಗೆ ನೀರು ಬಂತು, ನೀರಿನ ಹಿಂದೆ ಕಬ್ಬು ಬಂತು. ಕಬ್ಬಿಗೆ ಕಾರ್ಖಾನೆ ಕಾಯುತ್ತಿರುವಾಗ ಕಹಿ ಬುರುಡೆ ಬೆಳೆದು ಕೂರುವ ರೈತ ಎಲ್ಲಿ ಸಿಗಬೇಕು? ಅಕಾಲ ಮಳೆ ಬಿದ್ದರೆ ಬೆಳೆದದ್ದೂ ಕೈಗೆ ಹತ್ತುವುದಿಲ್ಲ. 1979ರ ಹೊತ್ತಿಗೆ ನಮ್ಮ ಬೆಂಗಳೂರಿನಲ್ಲೇ ವಿದ್ಯುತ್ ತಂಬೂರಿ ತಯಾರಾಯಿತು. ಈಗಂತೂ ಮೊಬೈಲಿನಲ್ಲೇ ತಂಬೂರಿ ಕೇಳುತ್ತದೆ. 2020ರ ಕೊರೋನಾ ಲಾಕ್‌ಡೌನಿನಲ್ಲಿ ಕಛೇರಿಗಳು ನಿಂತಾಗ ವಾದ್ಯ ಕೇಳುವವರೇ ಇಲ್ಲದಾಯಿತು.

ಯಂತ್ರವನ್ನು ನಾನು ಬಯ್ಯುವುದಿಲ್ಲ. ಬಸ್ಸಿನಲ್ಲಿ ಪಾಠಕ್ಕೆ ಹೋಗುವ ಹುಡುಗಿ ತಂಬೂರಿ ಹೊತ್ತು ತಿರುಗಲಿಕ್ಕೆ ಆಗುತ್ತದೆಯೇ? ಬಡವರ ಮಕ್ಕಳು ಶ್ರುತಿ ಹಿಡಿದು ಹಾಡಲು ಅದು ದೊಡ್ಡ ಅನುಕೂಲ. ಆದರೆ ಮಿಕ್ಸರ್ ಬಂತೆಂದು ಒರಳು ಬೀದಿಗೆ ಎಸೆದವರಿಗೆ ಆಮೇಲೆ ಶೇಂಗಾ ಚಟ್ನಿಯ ರುಚಿ ಎಲ್ಲಿ ಹೋಯಿತು ಎಂಬುದು ಗೊತ್ತಿದೆ. ಒರಳನ್ನಾದರೂ ಮತ್ತೆ ತಂದೇವು. ಹತ್ತು ವರ್ಷ ಕಲಿತ ಕಿವಿಯನ್ನು ಯಾವ ಸಂತೆಯಿಂದ ತರೋಣ?

ಸಮಾಧಾನದ ಮಾತೂ ಒಂದಿದೆ. 2024ರಲ್ಲಿ ಮಿರಜದ ಸಿತಾರಕ್ಕೂ ತಂಬೂರಿಗೂ ಭೌಗೋಳಿಕ ಗುರುತು ಸಿಕ್ಕಿತು. ನಮ್ಮ ಇಳಕಲ್ ಸೀರೆಗೆ, ಕಲಬುರಗಿ ತೊಗರಿಬೇಳೆಗೆ ಸಿಕ್ಕಿದೆಯಲ್ಲ, ಅಂಥದೇ. ಬೇರೆ ಊರಲ್ಲಿ ಮಾಡಿದ್ದನ್ನು ಮಿರಜದ್ದೆಂದು ಮಾರುವಂತಿಲ್ಲ. ಆದರೆ ಗುರುತಿನ ಚೀಟಿಯೊಂದರಿಂದಲೇ ಹೊಟ್ಟೆ ತುಂಬುವುದಿಲ್ಲ, ಕೊಳ್ಳುವವರು ಬೇಕು.

ಮನೆಗೆ ತಂಬೂರಿ ತರುವವರಿಗೆ

ಮಗಳಿಗೆ ಸಂಗೀತ ಕಲಿಸುತ್ತಿದ್ದರೆ, ಅವಳು ನಾಲ್ಕಾರು ವರ್ಷ ಬಿಡದೆ ಕಲಿತರೆ, ಆಗ ಒಂದು ತಂಬೂರಿಯ ವಿಚಾರ ಮಾಡಿರಿ. ಕೆಲವು ಮಾತು ನೆನಪಿಡಿ.

ಹೆಣ್ಣುಮಕ್ಕಳ ತಂಬೂರಿ ಚಿಕ್ಕದು, ಗಂಡಸರದು ದೊಡ್ಡದು. ಶ್ರುತಿ ಬೇರೆಯಾದ್ದರಿಂದ ಹೀಗೆ. ಕೊಳ್ಳುವಾಗ ಗುರುಗಳನ್ನೋ, ತಿಳಿದವರನ್ನೋ ಜೊತೆಗೆ ಕರೆದುಕೊಂಡು ಹೋಗಿ.

ಬುರುಡೆಗೆ ಬಿರುಕಿದೆಯೇ ನೋಡಿ. ಬಿರಡೆ ತಿರುಗಿಸಿದ ಜಾಗದಲ್ಲೇ ನಿಲ್ಲಬೇಕು, ಜಾರಬಾರದು. ಹೂಬಳ್ಳಿಯ ಅಂದಕ್ಕೆ ಮರುಳಾಗದೆ ಕಣ್ಣು ಮುಚ್ಚಿ ನಾದ ಕೇಳಿ.

ಮನೆಯಲ್ಲಿ ಬಿಸಿಲು, ಒಲೆಯ ಕಾವು, ಗೋಡೆಯ ತೇವ ತಾಗದ ಕಡೆ ಇಡಿ. ಬುರುಡೆಯ ಕೆಳಗೆ ಹಳೆ ಸೀರೆಯ ಸಿಂಬಿ ಇಟ್ಟರೆ ಉರುಳುವುದಿಲ್ಲ. ಬಾರಿಸಿದ ಮೇಲೆ ಒಣ ಅರಿವೆಯಿಂದ ತಂತಿ ಒರೆಸಿ. ಬೆರಳಿನ ಬೆವರಿಗೆ ತುಕ್ಕು ಹಿಡಿಯುತ್ತದೆ. ಬಹಳ ದಿನ ಬಾರಿಸದಿದ್ದರೆ ತಂತಿ ಸ್ವಲ್ಪ ಸಡಿಲಿಸಿ.

ನಾದ ಮಂಕಾದರೆ ತಂಬೂರಿ ಕೆಟ್ಟಿತೆಂದು ಅಟ್ಟಕ್ಕೆ ಹಾಕಬೇಡಿ. ಜವಾರಿ ಸವೆದಿರುತ್ತದೆ, ಮತ್ತೆ ತೆಗೆಸಿದರೆ ಹೊಸದರಂತೆ ನುಡಿಯುತ್ತದೆ. ಅಜ್ಜನ ಕಾಲದ್ದೊಂದು ಮೂಲೆಯಲ್ಲಿದ್ದರೆ ಅದನ್ನೂ ಒಮ್ಮೆ ತೋರಿಸಿ. ಹೊಸದು ಕೊಳ್ಳಲಾಗದಿದ್ದರೆ ಹಳೆಯದರ ರಿಪೇರಿಯೂ ಆ ಕೈಗಳಿಗೆ ಕೆಲಸವೇ. ಭಜನಾ ಮಂಡಳಿಯ ಸೋದರಿಯರು ಹತ್ತು ಮನೆ ಸೇರಿ ಒಂದನ್ನು ಕೊಂಡರೆ ಯಾರ ಮೇಲೂ ಭಾರವಾಗುವುದಿಲ್ಲ.

ಕೊನೆಗೆ ಒಂದು ಮಾತು. ಚೌಕಾಶಿಯಲ್ಲಿ ನಮ್ಮನ್ನು ಮೀರಿಸುವವರಿಲ್ಲ, ಅದು ನನಗೂ ಗೊತ್ತು. ಸೀರೆಗೆ ಮಾಡಿ, ಪಾತ್ರೆಗೆ ಮಾಡಿ. ಜವಾರಿ ತೆಗೆಯುವವರ ಕೂಲಿಗೆ ಮಾತ್ರ ಮಾಡಬೇಡಿ. ಅವರ ಮಗ ಗ್ಯಾರೇಜಿಗೆ ಹೋಗಬೇಕೋ, ಅಪ್ಪನ ಪಕ್ಕದಲ್ಲಿ ಕೂರಬೇಕೋ ಎಂಬುದು ಆ ಕೂಲಿಯಲ್ಲೇ ತೀರ್ಮಾನವಾಗುತ್ತದೆ.