ಹತ್ತನೆಯ ಸಂಖ್ಯೆಯ ಅಂಗಿ

ಗೋವೆಯ ಡೆಂಪೊ ಸ್ಪೋರ್ಟ್ಸ್ ಕ್ಲಬ್ಬಿನವರು ತಮ್ಮ ಆಟಗಾರರು ತೊಡುವ ಹತ್ತನೆಯ ಸಂಖ್ಯೆಯ ಅಂಗಿಯನ್ನು ಇನ್ನು ಯಾರಿಗೂ ಕೊಡಬಾರದೆಂದು ನಿಶ್ಚಯಿಸಿದರು. ಅದನ್ನು ತೊಟ್ಟಿದ್ದವನು ಗೋವೆಯವನಲ್ಲ, ಭಾರತದವನೂ ಅಲ್ಲ. ಬ್ರೆಜಿಲಿನಿಂದ ಬಂದವನು, ಆ ಕ್ಲಬ್ಬಿಗೆ ಆಡಿದ್ದು ಕೆಲವೇ ತಿಂಗಳು, ಪ್ರಾಣ ಬಿಟ್ಟದ್ದು ನಮ್ಮ ಬೆಂಗಳೂರಿನಲ್ಲಿ. ಆತನ ಹೆಸರು ಕ್ರಿಸ್ಟಿಯಾನೊ ಜೂನಿಯರ್.

ಗೋವೆಯಲ್ಲಿ ನೆಲೆಸಿದ ಕನ್ನಡ ಕುಟುಂಬಗಳಿಗೆ ಡೆಂಪೊ, ಸಾಳಗಾಂವಕರ್ ಎಂಬ ಹೆಸರುಗಳು ಮೊದಲು ಪರಿಚಯವಾದದ್ದು ಫುಟ್‌ಬಾಲಿನಿಂದಲ್ಲ. ಗಣಿ, ಅದಿರು, ಹಡಗುಗಳ ಮೂಲಕ. ಆ ವ್ಯಾಪಾರದ ಮನೆತನಗಳೇ ಕ್ಲಬ್ಬುಗಳನ್ನು ಸಾಕಿದವು, ಆಟಗಾರರಿಗೆ ಸಂಬಳ ಕೊಟ್ಟವು. ಹೀಗೆ ಸಂಬಳಕ್ಕಾಗಿ ಆಡುವವನ ಬದುಕು ಸುಗ್ಗಿಯ ಕಾಲಕ್ಕೆ ಊರಿಂದೂರಿಗೆ ನಡೆಯುವ ಕೂಲಿಯವನ ಬದುಕಿಗಿಂತ ಬಹಳ ಬೇರೆಯೆಂದು ನನಗೆ ತೋರುವುದಿಲ್ಲ. ಕರಾರು ಒಂದು ಋತುವಿನದು, ಹೆಚ್ಚೆಂದರೆ ಎರಡರದು. ಗೋಲು ಹೊಡೆದರೆ ಮುಂದಿನ ವರ್ಷ ಮತ್ತೊಂದು ಕ್ಲಬ್ಬು ಕರೆಯುತ್ತದೆ. ಮೊಣಕಾಲು ಕೈಕೊಟ್ಟರೆ ಗಂಟುಮೂಟೆ ಕಟ್ಟಬೇಕು.

ಕ್ರಿಸ್ಟಿಯಾನೊ ಮೊದಲು ಬಂದದ್ದು ಕೋಲ್ಕತ್ತದ ಈಸ್ಟ್ ಬೆಂಗಾಲ್ ತಂಡಕ್ಕೆ. 2003-04ರ ರಾಷ್ಟ್ರೀಯ ಫುಟ್‌ಬಾಲ್ ಲೀಗಿನಲ್ಲಿ ಆತ 15 ಗೋಲು ಹೊಡೆದು ಎಲ್ಲರಿಗಿಂತ ಮುಂದೆ ನಿಂತನು. ಈಸ್ಟ್ ಬೆಂಗಾಲ್ ಪ್ರಶಸ್ತಿ ಗೆದ್ದಿತು. ಎರಡನೆಯ ಸ್ಥಾನಕ್ಕೆ ತೃಪ್ತಿಪಟ್ಟದ್ದು ಡೆಂಪೊ. ಸೋಲಿಸಿದವನನ್ನೇ ಸೇರಿಸಿಕೊಳ್ಳುವುದು ಈ ವ್ಯವಹಾರದ ಜಾಣತನ. ಮರು ಋತುವಿನಲ್ಲಿ ಆತ ಡೆಂಪೊ ತಂಡದಲ್ಲಿದ್ದನು.

2004ರ ಡಿಸೆಂಬರ್ 5ರಂದು ಬೆಂಗಳೂರಿನ ಶ್ರೀ ಕಂಠೀರವ ಕ್ರೀಡಾಂಗಣದಲ್ಲಿ ಫೆಡರೇಷನ್ ಕಪ್ಪಿನ ಅಂತಿಮ ಪಂದ್ಯ. ಎದುರಾಳಿ ಮೋಹನ್ ಬಾಗಾನ್. ಮೊದಲ ಗೋಲು ಕ್ರಿಸ್ಟಿಯಾನೊನದೇ. ದ್ವಿತೀಯಾರ್ಧದಲ್ಲಿ ಎರಡನೆಯದಕ್ಕಾಗಿ ಆತ ಮುನ್ನುಗ್ಗಿದಾಗ ಗೋಲ್‌ಕೀಪರ್ ಸುಬ್ರತ ಪಾಲ್ ಎದುರು ಬಂದನು. ಚೆಂಡು ಬಲೆ ಸೇರಿತು. ಇಬ್ಬರೂ ಡಿಕ್ಕಿ ಹೊಡೆದರು. ಕ್ರಿಸ್ಟಿಯಾನೊ ಕುಸಿದು ಬಿದ್ದನು. ಮತ್ತೆ ಏಳಲಿಲ್ಲ. ಮೈದಾನದಲ್ಲಿ ಉಸಿರು ತುಂಬಲು ಪ್ರಯತ್ನಿಸಿದರು, ಆಸ್ಪತ್ರೆಗೆ ಒಯ್ದರು; ಅಲ್ಲಿ ಮುಟ್ಟುವಷ್ಟರಲ್ಲೇ ಪ್ರಾಣ ಹೋಗಿತ್ತೆಂದು ವೈದ್ಯರು ಹೇಳಿದರು. ವಯಸ್ಸು 25. ಡೆಂಪೊ 2-0ರಿಂದ ಗೆದ್ದಿತೆಂದು ದಾಖಲೆಯಲ್ಲಿದೆ. ಆ ಎರಡೂ ಗೋಲುಗಳ ಮುಂದೆ ಒಬ್ಬನದೇ ಹೆಸರು.

ಅಂದು ಸುಬ್ರತ ಪಾಲನ ವಯಸ್ಸು ಹದಿನೆಂಟರ ಆಸುಪಾಸು. ಫೆಡರೇಷನ್ನಿನವರು ಅವನನ್ನು ಎರಡು ತಿಂಗಳು ಆಟದಿಂದ ದೂರವಿಟ್ಟರು. ಅದೇ ಹುಡುಗ ಮುಂದೆ ಭಾರತದ ಗೋಲ್‌ಕೀಪರನಾಗಿ 2011ರ ಏಷ್ಯಾ ಕಪ್ಪಿನಲ್ಲಿ ದಕ್ಷಿಣ ಕೊರಿಯಾದ ವಿರುದ್ಧ ತೋರಿದ ಧೈರ್ಯಕ್ಕೆ ಹೊರದೇಶದವರೂ ತಲೆದೂಗಿದರು. 2016ರಲ್ಲಿ ಅರ್ಜುನ ಪ್ರಶಸ್ತಿ ಬಂದಿತು. ಎಳೆಯ ವಯಸ್ಸಿನಲ್ಲಿ ಅಂಥ ಭಾರವನ್ನು ಹೊತ್ತು ಮತ್ತೆ ಗೋಲಿನ ಮುಂದೆ ನಿಲ್ಲುವುದು ಸಣ್ಣ ಮಾತಲ್ಲ.

ಆದರೆ ಡಿಕ್ಕಿಯ ಚರ್ಚೆಯಲ್ಲಿ ಇನ್ನೊಂದು ಪ್ರಶ್ನೆ ಮರೆಯಾಗಬಾರದು. ಮೈದಾನದಲ್ಲಿ ತಕ್ಕ ವೈದ್ಯಕೀಯ ಸಿದ್ಧತೆ ಇರಲಿಲ್ಲವೆಂಬ ಟೀಕೆ ಆಗಲೇ ಬಲವಾಗಿ ಕೇಳಿಬಂದಿತು. ಎಚ್ಚರಿಕೆ ಇಲ್ಲದಿರಲಿಲ್ಲ. 2003ರ ಜೂನಿನಲ್ಲಿ ಫ್ರಾನ್ಸಿನ ಲಿಯೋನ್ ನಗರದಲ್ಲಿ ಕ್ಯಾಮರೂನಿನ ಮಾರ್ಕ್ ವಿವಿಯನ್ ಫೋ, 2004ರ ಜನವರಿಯಲ್ಲಿ ಪೋರ್ಚುಗಲ್ಲಿನಲ್ಲಿ ಬೆನ್ಫಿಕಾ ತಂಡದ ಮಿಕ್ಲೋಸ್ ಫೆಹೆರ್ ಆಡುತ್ತಿದ್ದಂತೆಯೇ ಕುಸಿದು ಸತ್ತಿದ್ದರು. ಬೆನ್ಫಿಕಾದ ಸುದ್ದಿಯೆಂದರೆ ಗೋವೆಯ ಹಳಬರಿಗೆ ಮನೆಯ ಸುದ್ದಿಯಂತೆ.

ಕ್ರಿಸ್ಟಿಯಾನೊ ಸತ್ತ ಬೆಂಗಳೂರಿನಲ್ಲಿಯೇ ಏಳು ವರ್ಷಗಳ ಮೇಲೆ, 2012ರ ಮಾರ್ಚಿನಲ್ಲಿ, ಸ್ಥಳೀಯ ಲೀಗಿನ ಪಂದ್ಯದಲ್ಲಿ 27ರ ಪ್ರಾಯದ ಆಟಗಾರನೊಬ್ಬ ಕುಸಿದಾಗ ಆಂಬುಲೆನ್ಸ್ ಇರಲಿಲ್ಲ. ಆಟೋರಿಕ್ಷಾದಲ್ಲಿ ಆಸ್ಪತ್ರೆಗೆ ಒಯ್ದರು. ಆತನೂ ಉಳಿಯಲಿಲ್ಲ. ಇದನ್ನು ಬರೆಯುವಾಗ ಕನ್ನಡಿಗನಾದ ನನಗೆ ನಾಚಿಕೆಯಾಗುತ್ತದೆ.

ಹೃದಯ ಥಟ್ಟನೆ ನಿಂತಾಗ ಕೆಲಸಕ್ಕೆ ಬರುವುದು ಎರಡು: ಎದೆಯ ನಡುವೆ ನಿಮಿಷಕ್ಕೆ 100ರಿಂದ 120 ಬಾರಿ ಬಲವಾಗಿ ಒತ್ತುವ ಕೈ, ವಿದ್ಯುತ್ತಿನ ಆಘಾತ ಕೊಟ್ಟು ಬಡಿತವನ್ನು ಸರಿಪಡಿಸುವ ಡಿಫಿಬ್ರಿಲೇಟರ್ ಎಂಬ ಯಂತ್ರ. ಇವೆರಡೂ ಇಲ್ಲದೆ ಕಳೆದ ಪ್ರತಿ ನಿಮಿಷಕ್ಕೆ ಬದುಕುವ ಸಂಭವ ಶೇಕಡಾ 7ರಿಂದ 10ರಷ್ಟು ಕುಗ್ಗುತ್ತದೆ. 2021ರ ಜೂನಿನಲ್ಲಿ ಕೋಪನ್‌ಹೇಗನ್ನಿನಲ್ಲಿ ಡೆನ್ಮಾರ್ಕಿನ ಕ್ರಿಶ್ಚಿಯನ್ ಎರಿಕ್ಸನ್ ಬಿದ್ದಾಗ ಎರಡೂ ಮೈದಾನದಲ್ಲೇ ಸಿದ್ಧವಿದ್ದವು. ಆತ ಬದುಕಿದ್ದಷ್ಟೇ ಅಲ್ಲ, ಮರುವರ್ಷವೇ ಮತ್ತೆ ಆಡಿದನು.

ಡೆಂಪೊ ತಂಡ ಆ ಋತುವನ್ನು ಕೈಬಿಡಲಿಲ್ಲ. ಅರ್ಮಾಂಡೊ ಕೊಲಾಸೊ ಅವರ ತರಬೇತಿಯಲ್ಲಿ 2004-05ರ ರಾಷ್ಟ್ರೀಯ ಲೀಗನ್ನು ಗೆದ್ದಿತು. 2012ರ ಹೊತ್ತಿಗೆ ಅಂಥ ಪ್ರಶಸ್ತಿಗಳು ಐದಾದವು. ಕ್ರಿಸ್ಟಿಯಾನೊ ಸೇರಿದ ವರ್ಷವೇ ತಂಡಕ್ಕೆ ಬಂದಿದ್ದ ನೈಜೀರಿಯಾದ ರಾಂಟಿ ಮಾರ್ಟಿನ್ಸ್ ಎಂಟು ವರ್ಷ ಗೋವೆಯಲ್ಲಿ ಆಡಿ, ಆಮೇಲೆ ಕೋಲ್ಕತ್ತ, ಶಿಲ್ಲಾಂಗ್ ಎಂದು ತಿರುಗಿದನು. ಕ್ರಿಸ್ಟಿಯಾನೊನಿಗೂ ಅಂಥ ದಾರಿ ತೆರೆದಿತ್ತು.

ವಾಸ್ಕೊದಲ್ಲಾಗಲಿ ಮಡಗಾಂವಿನಲ್ಲಾಗಲಿ ಮಗನನ್ನು ತರಬೇತಿಗೆ ಸೇರಿಸುವ ನಮ್ಮ ತಾಯಿತಂದೆಯರು ಶುಲ್ಕವೆಷ್ಟು, ಬೂಟು ಎಲ್ಲಿ ಸಿಗುತ್ತದೆ ಎಂದು ವಿಚಾರಿಸುವುದುಂಟು. ಜೊತೆಗೆ, ಹುಡುಗ ಬಿದ್ದರೆ ಎದೆ ಒತ್ತಲು ಬಲ್ಲವರು ಯಾರಿದ್ದಾರೆ, ಆ ಯಂತ್ರ ಎಲ್ಲಿದೆ, ಅದನ್ನಿಟ್ಟ ಕಪಾಟಿನ ಬೀಗದ ಕೈ ಯಾರ ಬಳಿ ಇರುತ್ತದೆ ಎಂದೂ ಕೇಳಿಕೊಂಡು ಬರಲಿ.